ಒಂದೂವರೆ ಕೈ, ನಾಲ್ಕು ಮಾಡ್

ನನ್ನ ಅಕ್ಕನ ಎದುರು ‘ಪಾಪ’ ಎಂಬ ಮಾತಾಡಿ ಅದನ್ನು ಜೀರ್ಣಿಸಿಕೊಂಡವರನ್ನು ನಾನಿನ್ನೂ ನೋಡಿಲ್ಲ. ಒಮ್ಮೆ ಆಸ್ಪತ್ರೆಯ ಲಿಫ್ಟಿನಲ್ಲಿ ಯಾರೋ ಹೆಂಗಸು ಅವಳ ಎಡಗೈ ನೋಡಿ, “ಅಯ್ಯೋ ಪಾಪ, ಏನಾಯ್ತು?” ಎಂದಿದ್ದರು. ಅಕ್ಕ ಅವರ ಕಡೆ ತಿರುಗಿ, “ಈ ಲಿಫ್ಟ್ ನಿಲ್ಲಿಸೋಕೆ ಇನ್ನೊಂದು ಕೈ ಸಾಕು. ನಿಲ್ಲಿಸ್ಲಾ?” ಎಂದು ಕೇಳಿದಳು. ಆ ಹೆಂಗಸು ಮುಂದಿನ ಮಹಡಿಯಲ್ಲೇ ಇಳಿದುಬಿಟ್ಟರು. ಅಕ್ಕ ಹೇಳಿದ್ದು ಜಂಬದ ಮಾತಲ್ಲ. ಇಪ್ಪತ್ತಾರು ವರ್ಷದಿಂದ ಅವಳು ಆ ಆಸ್ಪತ್ರೆಯ ಎಲೆಕ್ಟ್ರಿಷಿಯನ್. ಲಿಫ್ಟು, ದೀಪ, ಆಪರೇಷನ್ ಥಿಯೇಟರಿನ ಯಂತ್ರಗಳು, ಎಲ್ಲವೂ ಅವಳ ಕೈಕೆಳಗೇ ಇದ್ದವು.

ಒಂಬತ್ತು ವರ್ಷದ ಹಿಂದೆ ಆಸ್ಪತ್ರೆಯ ನೆಲಮಾಳಿಗೆಯಲ್ಲಿ ಒಂದು ಪ್ಯಾನೆಲ್ ಸಿಡಿದು ಅವಳ ಎಡಗೈ ಸುಟ್ಟುಹೋಯಿತು. ಹೆಬ್ಬೆರಳು, ತೋರುಬೆರಳು ಸರಿಯಾಗಿ ಉಳಿದವು. ಮಿಕ್ಕ ಮೂರು ಬೆರಳು ಜಾಗದಲ್ಲಿವೆ, ಆದರೆ ಜಪ್ಪಯ್ಯ ಅಂದರೂ ಮಡಚುವುದಿಲ್ಲ. ಕಚೇರಿಯವರು ಪ್ರೀತಿಯಿಂದಲೇ ಒಂದು ಕುರ್ಚಿ ತೋರಿಸಿ, ಇನ್ನು ಮೇಲೆ ಫೋನ್ ನೋಡಿಕೊಂಡಿರಿ ಎಂದರು. ಅಕ್ಕ ಕುರ್ಚಿಯನ್ನೂ ನೋಡಲಿಲ್ಲ, ಫೋನನ್ನೂ ನೋಡಲಿಲ್ಲ. ಹೊಸಬರು ಕೆಲಸಕ್ಕೆ ಸೇರುವಾಗ ಕೊಡುವ ಪರೀಕ್ಷೆಯನ್ನೇ ತನಗೆ ಮತ್ತೆ ಕೊಡಿ ಎಂದು ಪಟ್ಟು ಹಿಡಿದಳು. ಮೂವರು ಎಂಜಿನಿಯರುಗಳ ಎದುರು ಒಂದು ಪ್ಯಾನೆಲ್ ಪೂರ್ತಿ ಬಿಚ್ಚಿ, ಮತ್ತೆ ಜೋಡಿಸಿ, ಇಪ್ಪತ್ತು ನಿಮಿಷ ಇನ್ನೂ ಬಾಕಿ ಇರುವಾಗಲೇ ಕೈ ಒರೆಸಿಕೊಂಡಳು. ಹೇಗೆ ಸಾಧ್ಯವಾಯಿತು ಎಂದು ಒಬ್ಬರು ಕೇಳಿದರು. “ಒಂದೂವರೆ ಕೈಯಲ್ಲಿ,” ಎಂದಳು. ಅಂದಿನಿಂದ ಆಸ್ಪತ್ರೆಯಲ್ಲಿ ಅವಳಿಗೆ ಒಂದೂವರೆ ಎಂದೇ ಹೆಸರು ಬಿತ್ತು. ಅವಳು ಆ ಹೆಸರಿನಿಂದ ಕರೆಸಿಕೊಳ್ಳುತ್ತಾಳೆ, ಕರೆಯುವವರ ಧಾಟಿ ನೋಡಿಕೊಂಡು.

ನಾನು ಅವಳಿಗಿಂತ ಆರು ವರ್ಷ ಚಿಕ್ಕವನು. ಹಲ್ಲು ಕಟ್ಟುವುದು ನನ್ನ ಕಸುಬು. ದಂತವೈದ್ಯರು ಬಾಯಿಯ ಅಚ್ಚು ಕಳಿಸುತ್ತಾರೆ, ನಾನು ಹಲ್ಲಿನ ಸೆಟ್ ಮಾಡಿಕೊಡುತ್ತೇನೆ. ಮದುವೆಯ ಯೋಗ ನಮ್ಮಿಬ್ಬರ ಮನೆಬಾಗಿಲಿಗೂ ಬಂದಿತ್ತಂತೆ, ಆಗ ಇಬ್ಬರೂ ಕೆಲಸಕ್ಕೆ ಹೋಗಿದ್ದೆವು ಎಂದು ಅಕ್ಕ ಹೇಳುತ್ತಿರುತ್ತಾಳೆ. ಹಾಗಾಗಿ ಇಬ್ಬರೂ ಒಂದೇ ಮನೆಯಲ್ಲಿದ್ದೇವೆ. ಹಿಂದಿನ ಕೋಣೆಯಲ್ಲಿ ನನ್ನ ಹಲ್ಲುಗಳು, ಮುಂದಿನ ಕೋಣೆಯಲ್ಲಿ ಅವಳ ಡೈನೋಸಾರ್‌ಗಳು.

ಡೈನೋಸಾರ್‌ಗಳು ಮನೆಗೆ ಬಂದದ್ದು ಕೈಗೆ ವ್ಯಾಯಾಮ ಮಾಡಿಸುತ್ತಿದ್ದ ಫಿಸಿಯೋಥೆರಪಿಸ್ಟ್ ದೆಸೆಯಿಂದ. ಆತ ದಿನಕ್ಕೆ ಒಂದು ಗಂಟೆ ಎಡಗೈಯಲ್ಲಿ ಕೀಬೋರ್ಡ್ ಒತ್ತಿ ಎಂದು ಹೇಳಿ, ಒಂದೇ ಅಕ್ಷರವನ್ನು ಇನ್ನೂರು ಸಲ ಬರೆಯುವ ಹಾಳೆ ಕೊಟ್ಟಿದ್ದ. ಎರಡು ದಿನ ಬರೆದು ಅಕ್ಕ ಹಾಳೆಯನ್ನು ನನ್ನ ಮೇಲೆ ಎಸೆದಳು. “ಇದೇನು ಶಿಕ್ಷೆನಾ? ನಾನೇನು ತಪ್ಪು ಮಾಡಿದ್ದೀನಿ?” ಎಂದಳು. ಅವಳ ಆಸ್ಪತ್ರೆಯಲ್ಲೇ ಔಷಧಿ ಕೊಡುವ ಗೆಳತಿಯೊಬ್ಬಳಿದ್ದಾಳೆ, ಅಕ್ಕನಿಗಿಂತ ಚಿಕ್ಕವಳು. “ಕೀಲಿ ಒತ್ತೋದೇ ಆದ್ರೆ ನಮ್ಮ ಜೊತೆ ಬಂದು ಒತ್ತು ಅಕ್ಕ,” ಎಂದು ಅವಳು ಈ ಆಟ ತೋರಿಸಿದಳು.

ಆಟ ಸರಳ. ಮೈಮೇಲೆ ಚಿಂದಿ ಸುತ್ತಿಕೊಂಡು ಒಂದು ಕಡಲ ದಡದಲ್ಲಿ ನೀವು ಕಣ್ಣು ಬಿಡುತ್ತೀರಿ. ಹಸಿವು, ಬಾಯಾರಿಕೆ, ಚಳಿ ಎಲ್ಲ ಇದೆ. ಸುತ್ತ ಡೈನೋಸಾರ್‌ಗಳಿವೆ, ಅವಕ್ಕೂ ಹಸಿವಿದೆ. ಕಲ್ಲು ಆಯ್ದು, ಮರ ಕಡಿದು, ಗೋಡೆ ಕಟ್ಟಿ, ಮೃಗಗಳನ್ನು ಪಳಗಿಸಿ ಬದುಕಬೇಕು. ಮೊದಲ ದಿನ ಅಕ್ಕ ಇಪ್ಪತ್ತೆರಡು ಸಲ ಸತ್ತಳು. ಇಪ್ಪತ್ತಮೂರನೆಯ ಸಲ ದಡದಲ್ಲಿ ಎದ್ದು ಕೂತು, ತನ್ನನ್ನು ತಿಂದ ಮೃಗಕ್ಕೆ ಮುಷ್ಟಿ ತೋರಿಸಿ ಬೈದಳು. ಅವಳಿಗೆ ಈ ಆಟ ಹಿಡಿಯಿತು ಎಂದು ನನಗೆ ಆಗಲೇ ಗೊತ್ತಾಯಿತು.

ಆಟ ಹಿಡಿಯಿತು, ಆದರೆ ಕೈ ಹಿಡಿಯಲಿಲ್ಲ. ಆ ಆಟದಲ್ಲಿ ನಡೆಯಬೇಕಾದರೆ ಎಡಗೈಯಲ್ಲಿ ಒಂದು ಕೀಲಿ ಒತ್ತಿ ಹಿಡಿದಿರಬೇಕು. ಓಡಬೇಕಾದರೆ ಇನ್ನೊಂದನ್ನೂ ಹಿಡಿಯಬೇಕು. ಓಡುತ್ತಲೇ ಹಣ್ಣು ಕೀಳಬೇಕಾದರೆ ಮೂರನೆಯದು. ಎರಡು ಬೆರಳಲ್ಲಿ ಮೂರು ಕೀಲಿ ಹಿಡಿಯುವುದು ಹೇಗೆ? ಹತ್ತು ನಿಮಿಷಕ್ಕೆ ಮಣಿಕಟ್ಟು ಊದಿಕೊಳ್ಳುತ್ತಿತ್ತು. ಆಗ ಗೆಳತಿ ಹೇಳಿದ್ದು ಮಾಡ್‌ಗಳ ಬಗ್ಗೆ.

ಗೊತ್ತಿಲ್ಲದವರಿಗೆ ಹೇಳಿಬಿಡುತ್ತೇನೆ. ಆಟ ತಯಾರಿಸಿದವರು ಅದನ್ನು ಎಲ್ಲರಿಗೂ ಒಂದೇ ಅಳತೆಗೆ ಹೊಲಿದು ಕೊಡುತ್ತಾರೆ. ಎಲ್ಲೆಲ್ಲೋ ಇರುವ ಆಟಗಾರರು ತಮಗೆ ಬೇಕಾದ ಹಾಗೆ ಸಣ್ಣ ಸಣ್ಣ ಜೋಡಣೆಗಳನ್ನು ಮಾಡಿ, ಬೇಕಾದವರು ಹಾಕಿಕೊಳ್ಳಲಿ ಎಂದು ಬಿಟ್ಟಿರುತ್ತಾರೆ. ಅವೇ ಮಾಡ್‌ಗಳು. ಅಂಥವು ಸಾವಿರಗಟ್ಟಲೆ ಇವೆ. ಡೈನೋಸಾರ್‌ಗೆ ಟೋಪಿ ಹಾಕುವುದರಿಂದ ಹಿಡಿದು ನಿಮ್ಮನ್ನು ಯಾರೂ ಕೊಲ್ಲಲಾಗದಂತೆ ಮಾಡುವವರೆಗೆ ಏನು ಬೇಕಾದರೂ ಸಿಗುತ್ತದೆ. ಬಹಳ ಜನ ಸಂತೆಗೆ ಬಂದ ಮಕ್ಕಳ ಹಾಗೆ ಕಂಡದ್ದನ್ನೆಲ್ಲ ಬಾಚಿಕೊಳ್ಳುತ್ತಾರೆ, ಆಮೇಲೆ ಆಟ ಕುಂಟುತ್ತದೆ ಎಂದು ಗೊಣಗುತ್ತಾರೆ.

ಅಕ್ಕ ಹಾಗೆ ಮಾಡಲಿಲ್ಲ. ಆಸ್ಪತ್ರೆಯಿಂದ ಒಂದು ಹಳೆಯ ರಿಜಿಸ್ಟರ್ ತಂದು, ಮೊದಲ ಪುಟದಲ್ಲಿ ಮೂರು ಪ್ರಶ್ನೆ ಬರೆದಳು. ಇದು ಯಾವ ಕೈಯ ಕೆಲಸ ಉಳಿಸುತ್ತದೆ? ಇದನ್ನು ಹಾಕಿದರೆ ಮೃಗಕ್ಕೆ ಹಲ್ಲು ಇರುತ್ತದೋ ಇಲ್ಲವೋ? ಇದನ್ನು ಮಾಡಿದವರು ಕಡೆಯ ಸಲ ಯಾವಾಗ ಬಂದು ರಿಪೇರಿ ಮಾಡಿದ್ದಾರೆ? ಮೂರಕ್ಕೂ ಸರಿಯಾದ ಉತ್ತರ ಬಂದರೆ ಮಾತ್ರ ಆ ಮಾಡ್ ಒಳಗೆ ಬರುತ್ತಿತ್ತು. ಅದೂ ಒಂದು ಸಲಕ್ಕೆ ಒಂದೇ. ಏಳು ದಿನ ನೋಡುತ್ತಿದ್ದಳು, ದಿನಾ ಒಂದು ಸಾಲು ಬರೆಯುತ್ತಿದ್ದಳು. ಎರಡು ಹೊಸ ವೈರ್ ಒಟ್ಟಿಗೆ ಹಾಕಿದರೆ ಯಾವುದು ಸುಟ್ಟಿತೆಂದು ಯಾರಿಗೆ ಗೊತ್ತಾಗುತ್ತದೆ ಎನ್ನುವುದು ಅವಳ ವಾದ.

ಕೊಲ್ಲಲಾಗದಂತೆ ಮಾಡುವ ಮಾಡ್ ಬಗ್ಗೆ ಆ ರಿಜಿಸ್ಟರಿನಲ್ಲಿ ಬರೆದದ್ದು ನನಗೆ ಬಾಯಿಪಾಠ ಆಗಿದೆ: ‘ಸಾಯದಿದ್ದರೆ ಆಡುವುದೇಕೆ? ಬೇಡ.’ ಎಲ್ಲ ಮೃಗಗಳೂ ಎಲ್ಲಿವೆ ಎಂದು ಮೊದಲೇ ತೋರಿಸುವ ನಕ್ಷೆಯ ಮುಂದೆ, ‘ಹೆದರಿಕೆ ಹೋಗುತ್ತದೆ. ಬೇಡ.’ ಹೀಗೆ ನೂರಾನಲವತ್ತು ಬೇಡಗಳನ್ನು ದಾಟಿ ನಾಲ್ಕು ಉಳಿದವು. ಒಂದು, ಕೀಲಿಯನ್ನು ಒಮ್ಮೆ ಒತ್ತಿ ಬಿಟ್ಟರೆ ಸಾಕು, ಮತ್ತೆ ಒತ್ತುವವರೆಗೆ ಆಟದ ಮನುಷ್ಯ ನಡೆಯುತ್ತಲೇ ಇರುವಂಥದು. ಇದೇ ಅವಳ ಜೀವ. ಇನ್ನೊಂದರಲ್ಲಿ ನೂರು ಕಲ್ಲನ್ನು ಒಂದೇ ಮೂಟೆ ಮಾಡಿ ಎತ್ತಬಹುದು. ಮತ್ತೊಂದು, ಹತ್ತಿರ ನಿಂತರೆ ಸಾಕು ಪೆಟ್ಟಿಗೆಯೇ ಸಾಮಾನು ಸೆಳೆದುಕೊಳ್ಳುವುದು. ಕೊನೆಯದು ಗೋಡೆಗಳದ್ದು: ಸೊಟ್ಟಗೆ ಇಟ್ಟ ಗೋಡೆಯನ್ನು ಒಡೆಯದೆ ಎತ್ತಿ ಸರಿಯಾಗಿ ಇಡಬಹುದಿತ್ತು. ಈ ನಾಲ್ಕರಲ್ಲಿ ಯಾವುದೂ ಒಂದೇ ಒಂದು ಮೃಗದ ಹಲ್ಲನ್ನೂ ಮೊಂಡು ಮಾಡಿರಲಿಲ್ಲ. ಅಕ್ಕ ಸಾಯುವುದು ನಿಲ್ಲಲಿಲ್ಲ, ಎಲ್ಲರ ಹಾಗೆ ಸಾಯುವಂತಾಯಿತು ಅಷ್ಟೇ.

ನಾವು ಆಡುತ್ತಿದ್ದ ಲೋಕದಲ್ಲಿ ಎಂಟು ಜನ. ಲೋಕ ಇದ್ದದ್ದು ಒಬ್ಬ ಡ್ರಿಲ್ ಮೇಷ್ಟ್ರ ಕಂಪ್ಯೂಟರಿನಲ್ಲಿ. ಶಾಲೆಯಲ್ಲಿ ಮಕ್ಕಳನ್ನು ಓಡಿಸುವ ಕೆಲಸ ಅವರದ್ದು, ನಮ್ಮನ್ನೂ ಹಾಗೇ ಓಡಿಸುತ್ತಿದ್ದರು. ನನ್ನಕ್ಕ, ಔಷಧಿಯ ಗೆಳತಿ, ಇನ್ನು ನಾಲ್ವರು ಮೇಷ್ಟ್ರ ಜೊತೆಗಾರರು. ಎಂಟನೆಯವನು ನಾನು, ಹಣ್ಣು ಕೀಳುವುದಕ್ಕಷ್ಟೇ ಲಾಯಕ್ಕು. ನಾಲ್ಕು ವರ್ಷದಲ್ಲಿ ಅಲ್ಲಿ ಒಂದು ಊರೇ ಎದ್ದಿತ್ತು. ಗೆಳತಿಗೆ ಹನ್ನೊಂದು ಮೃಗಗಳ ದೊಡ್ಡ ಕೊಟ್ಟಿಗೆ ಇತ್ತು. ಮೇಷ್ಟ್ರಿಗೆ ಬೆಟ್ಟದ ಮೇಲೆ ಕೋಟೆ. ಅಕ್ಕನದ್ದು ದಡದಲ್ಲಿ ಒಂದು ಗುಡಿಸಲು, ಮೂರು ಕೊಂಬಿನ ಒಂದು ಮುದಿ ಮೃಗ. ಅದಕ್ಕೆ ಅವಳು ಮೀಟರ್ ಎಂದು ಹೆಸರಿಟ್ಟಿದ್ದಳು, ತಿಂದದ್ದಕ್ಕೆಲ್ಲ ಲೆಕ್ಕ ಕೊಡುವಂತೆ ಗುಟುರು ಹಾಕುತ್ತದೆ ಎಂದು.

ಆ ವರ್ಷ ಲೋಕ ನಿಂತುಹೋಗಲು ಶುರುವಾಯಿತು. ಚೆನ್ನಾಗಿ ಆಡುತ್ತಿರುವಾಗ ಎಲ್ಲವೂ ಕಲ್ಲಾಗಿ, ಎಂಟೂ ಜನ ಹೊರಗೆ ಬೀಳುತ್ತಿದ್ದೆವು. ದಿನಕ್ಕೆ ಮೂರು ಸಲ, ನಾಲ್ಕು ಸಲ. ಒಂದು ಸೋಮವಾರ ಸಂಜೆ ಎಲ್ಲರೂ ಹೆಡ್‌ಫೋನ್ ಹಾಕಿ ಮಾತಿಗೆ ಕೂತಾಗ ಮೇಷ್ಟ್ರು ತೀರ್ಪು ಕೊಟ್ಟರು.

“ಕಾರಣ ಗೊತ್ತಾಗಿದೆ. ಮಾಡ್‌ಗಳು. ಭಾನುವಾರ ಎಲ್ಲ ಕಿತ್ತು ಹಾಕ್ತೀನಿ. ಇನ್ನು ಮೇಲೆ ಶುದ್ಧ ಆಟ. ಈ ಒತ್ತಿ ಬಿಡೋದು, ಮೂಟೆ ಕಟ್ಟೋದು, ಇವೆಲ್ಲ ಒಂಥರ ಮೋಸಾನೇ ಅಲ್ವಾ.”

“ಮೋಸ?” ಎಂದಳು ಅಕ್ಕ.

“ನಿಮಗಂತ ಹೇಳಿದ್ದಲ್ಲ ಮೇಡಂ. ನಿಮ್ಮ ಪರಿಸ್ಥಿತಿ ಬೇರೆ. ನೀವು ಬೇಕಾದ್ರೆ ಬಂದು ನೋಡ್ತಾ ಇರಬಹುದು. ಕೈ ಆಗದವರು ಕೂತು ನೋಡೋದ್ರಲ್ಲಿ ಏನೂ ತಪ್ಪಿಲ್ಲ.”

ಹಿಂದಿನ ಕೋಣೆಯಲ್ಲಿ ನನ್ನ ಕೈಯಲ್ಲಿದ್ದ ದವಡೆ ಮೇಜಿನ ಮೇಲೆ ಬಿತ್ತು. ನನಗೆ ಮೈ ಉರಿದುಹೋಯಿತು. “ಮೇಷ್ಟ್ರೇ, ನಾನು ದಿನಾ ಜನಕ್ಕೆ ಹಲ್ಲು ಕಟ್ಟಿಕೊಡ್ತೀನಿ. ಕಟ್ಟಿಸಿಕೊಂಡ ಹಲ್ಲಲ್ಲಿ ಅಗಿದ್ರೆ ಊಟ ಮೋಸದ್ದಾಗುತ್ತಾ?” ಎಂದೆ.

ಅಕ್ಕನ ದನಿ ಮಾತ್ರ ತಣ್ಣಗಿತ್ತು. ಅವಳಿಗೆ ನಿಜವಾಗಿ ಕೋಪ ಬಂದಾಗ ಹಾಗೇ ಆಗುತ್ತದೆ. ಆ ಲೋಕದಲ್ಲಿ ಒಟ್ಟು ಮೂವತ್ತೆರಡು ಮಾಡ್‌ಗಳಿದ್ದವು. ಅವಳದ್ದು ನಾಲ್ಕು, ಮಿಕ್ಕ ಇಪ್ಪತ್ತೆಂಟು ಉಳಿದವರು ತಂದು ಸುರಿದದ್ದು. “ಮೂವತ್ತೆರಡರಲ್ಲಿ ಕೆಟ್ಟಿರೋದು ಯಾವುದು ಅಂತ ನೋಡದೆ ಎಲ್ಲ ಕಿತ್ತು ಹಾಕೋದು ರಿಪೇರಿ ಅಲ್ಲ ಮೇಷ್ಟ್ರೇ. ಒಂದು ವಾರ್ಡಲ್ಲಿ ಶಾರ್ಟ್ ಆದ್ರೆ ನಾನು ಇಡೀ ಆಸ್ಪತ್ರೆ ಕತ್ತಲು ಮಾಡಲ್ಲ. ಶನಿವಾರ ಪಾಸ್‌ವರ್ಡ್ ನನಗೆ ಕೊಡಿ, ಯಾರೂ ಒಳಗೆ ಬರಬೇಡಿ. ಸಂಜೆಯೊಳಗೆ ಹುಡುಕಿಕೊಡ್ತೀನಿ. ಸಿಕ್ಕಿದ್ರೆ ಅದೊಂದೇ ಹೋಗಬೇಕು, ನನ್ನ ನಾಲ್ಕು ಇರಬೇಕು.”

ಮೇಷ್ಟ್ರು ಒಪ್ಪಿದರು. ಸಿಗುವುದಿಲ್ಲ ಎಂಬ ಧೈರ್ಯದಿಂದಲೇ ಒಪ್ಪಿದರು ಎಂದು ನನ್ನ ಅನುಮಾನ.

ಒತ್ತಿ ಬಿಡುವ ಆ ಮಾಡ್ ಹೋದರೆ ಅಕ್ಕನಿಗೆ ಆ ಲೋಕದಲ್ಲಿ ಹತ್ತು ಹೆಜ್ಜೆ ಇಡಲಾಗುವುದಿಲ್ಲ. ಅಲ್ಲಿ ಯಾರೂ ಅವಳ ಕೈ ನೋಡಿ ಲೊಚಗುಟ್ಟುತ್ತಿರಲಿಲ್ಲ, ಅಲ್ಲಿ ಅವಳು ಬರೀ ಮೀಟರಿನ ಒಡತಿ. ಅದನ್ನು ಬಿಟ್ಟುಕೊಡಲು ಅವಳು ಸಿದ್ಧಳಿರಲಿಲ್ಲ.

ಶನಿವಾರ ಬೆಳಿಗ್ಗೆ ಒಂಬತ್ತಕ್ಕೆ ಟೀ ಲೋಟ, ರಿಜಿಸ್ಟರ್, ಗೋಡೆ ಗಡಿಯಾರ ಎದುರಿಗಿಟ್ಟುಕೊಂಡು ಕೂತಳು. ವೈರಿಂಗಿನಲ್ಲಿ ತೊಂದರೆ ಹುಡುಕುವಾಗ ಅವಳು ಮಾಡುವುದು ಒಂದೇ ಕ್ರಮ. ಅರ್ಧ ಫ್ಯೂಸ್ ಕಿತ್ತು ನೋಡುವುದು. ತೊಂದರೆ ಹೋಯಿತೋ, ಕಳ್ಳ ಕಿತ್ತ ಅರ್ಧದಲ್ಲಿದ್ದಾನೆ. ಹೋಗಲಿಲ್ಲವೋ, ಉಳಿದ ಅರ್ಧದಲ್ಲಿದ್ದಾನೆ. ಮತ್ತೆ ಅದರಲ್ಲಿ ಅರ್ಧ. ಮೂವತ್ತೆರಡಾದರೆ ಐದೇ ಸುತ್ತು. ಮೊದಲ ಸುತ್ತಿನಲ್ಲಿ ಯಾವ ಅರ್ಧವನ್ನು ತೆಗೆಯುವುದು ಎಂದು ನಾನು ಕೇಳಿದೆ.

“ನನ್ನ ನಾಲ್ಕು ಯಾವುದರಲ್ಲಿ ಇದೆಯೋ ಅದನ್ನೇ. ಮೊದಲು ನನ್ನ ಮನೆ ಜಪ್ತಿ ಆಗಲಿ. ಆಮೇಲೆ ಯಾರೂ ಬಾಯಿ ಬಿಡೋ ಹಾಗಿಲ್ಲ,” ಎಂದಳು.

ಹದಿನಾರು ಮಾಡ್ ತೆಗೆದು ಲೋಕವನ್ನು ಮತ್ತೆ ಶುರು ಮಾಡಿದಳು. ಒತ್ತಿ ಬಿಡುವ ಮಾಡ್ ಕೂಡ ಹೋಗಿತ್ತು, ಆದ್ದರಿಂದ ಅವಳ ಮನುಷ್ಯಾಕೃತಿ ದಡದಲ್ಲಿ ಮೀಟರ್ ಪಕ್ಕ ಕಡಲಿಗೆ ಮುಖ ಮಾಡಿ ಅಲ್ಲಾಡದೆ ನಿಂತಿತ್ತು. ಅವಳು ನೋಡಬೇಕಾದದ್ದು ಲೋಕ ನಿಲ್ಲುತ್ತದೋ ಇಲ್ಲವೋ ಅಷ್ಟೇ. ಮುಕ್ಕಾಲು ಗಂಟೆಗೆ ನಿಂತಿತು. ಅಂದರೆ ಅವಳ ನಾಲ್ಕೂ ನಿರಪರಾಧಿಗಳು. ಅಕ್ಕ ಮೇಜು ಗುದ್ದಿದಳು, ಟೀ ಚೆಲ್ಲಿತು. ಆ ಹದಿನಾರನ್ನು ಬದಿಗಿಟ್ಟು, ಉಳಿದ ಹದಿನಾರರಲ್ಲಿ ಅರ್ಧ ತೆಗೆದಳು. ಹೀಗೆ ಊಟವೂ ಮೇಜಿನ ಮೇಲೇ ಆಯಿತು. ಮಧ್ಯಾಹ್ನ ಮೂರಕ್ಕೆ ನಾಲ್ಕು ಉಳಿದವು, ಆಮೇಲೆ ಎರಡು, ಐದೂವರೆಗೆ ಒಂದು.

ಅದು ಮೇಷ್ಟ್ರದ್ದು. ಮೃಗದ ಬೆನ್ನಿಗೆ ಹಾಕುವ ಚಿನ್ನದ ಜೀನು. ಅದರ ಮೇಲೆ ಕೂತರೆ ಕಹಳೆ ಊದುತ್ತಿತ್ತು. ಆ ಮಾಡ್ ಮಾಡಿದವನು ಎರಡು ವರ್ಷದಿಂದ ಆ ಕಡೆ ತಲೆ ಹಾಕಿರಲಿಲ್ಲ. ಅಕ್ಕನ ಮೂರನೆಯ ಪ್ರಶ್ನೆಯಲ್ಲೇ ಹೊರಗೆ ಬೀಳಬೇಕಾದ ಸಾಮಾನು. ನಾವಿಬ್ಬರೂ ಕಣ್ಣಲ್ಲಿ ನೀರು ಬರುವಷ್ಟು ನಕ್ಕೆವು. ಅವಳು ಉಳಿದ ಮೂವತ್ತೊಂದನ್ನೂ ಮತ್ತೆ ಹಾಕಿ, ಲೋಕ ಶುರು ಮಾಡಿ, ಕೀಲಿಯನ್ನು ಒಮ್ಮೆ ಒತ್ತಿ, ಮೀಟರ್ ಮೇಲೆ ಕೂತು ಊರ ಕಡೆ ಹೊರಟಳು.

ಊರು ಇರಲಿಲ್ಲ.

ಗೋಡೆಗಳಿಲ್ಲ, ಬಾಗಿಲುಗಳಿಲ್ಲ, ಪೆಟ್ಟಿಗೆಗಳಿಲ್ಲ. ಬೆಟ್ಟದ ಮೇಲೆ ಕೋಟೆ ಇದ್ದ ಜಾಗದಲ್ಲಿ ಒಂದು ಮೆಟ್ಟಿಲು ಮಾತ್ರ ಉಳಿದಿತ್ತು. ಗೆಳತಿಯ ಕೊಟ್ಟಿಗೆ ಇದ್ದಲ್ಲಿ ಹುಲ್ಲು. ಬೇಲಿಯಿಲ್ಲದ ಆ ಹನ್ನೊಂದು ಮೃಗಗಳನ್ನು ಕಾಡಿನವು ಬಂದು ತಿಂದು ಮುಗಿಸಿದ್ದವು. ಅಕ್ಕನಿಗೆ ಎಲ್ಲ ಅರ್ಥವಾಗಲು ಒಂದು ನಿಮಿಷವೂ ಬೇಕಾಗಲಿಲ್ಲ. ಫ್ಯೂಸ್ ಕಿತ್ತು ಮತ್ತೆ ಹಾಕಿದರೆ ದೀಪ ಹತ್ತುತ್ತದೆ. ಮಾಡ್ ಕಿತ್ತರೆ ಹಾಗಲ್ಲ, ಅದರಿಂದ ಕಟ್ಟಿದ್ದೆಲ್ಲ ಅಳಿಸಿಹೋಗುತ್ತದೆ. ಮತ್ತೆ ಹಾಕಿದರೆ ಬರುವುದು ಬರೀ ಮಾಡ್, ಗೋಡೆಯಲ್ಲ. ಲೋಕದ ಒಂದು ನಕಲು ತೆಗೆದಿಟ್ಟು ಕೈ ಹಾಕಿದ್ದರೆ ಏನೂ ಆಗುತ್ತಿರಲಿಲ್ಲ. ನಕಲು ಅವಳ ಹತ್ತಿರ ಇರಲಿಲ್ಲ. ಫೋನ್ ಮಾಡಿ ಕೇಳಿದರೆ ಮೇಷ್ಟ್ರ ಹತ್ತಿರವೂ ಇರಲಿಲ್ಲ. ನಾಲ್ಕು ವರ್ಷದಲ್ಲಿ ಅವರು ಒಂದು ಸಲವೂ ತೆಗೆದಿರಲಿಲ್ಲ.

ಅಕ್ಕ ಹೆಡ್‌ಫೋನ್ ಕಿತ್ತು ಮೇಜಿನ ಮೇಲಿಟ್ಟಳು.

“ಆಪರೇಷನ್ ಥಿಯೇಟರ್ ಲೈನ್ ಮುಟ್ಟೋ ಮೊದಲು ಜನರೇಟರ್ ಓಡಿಸ್ತೀವಿ,” ಎಂದಳು. “ಇಪ್ಪತ್ತಾರು ವರ್ಷ. ಒಂದ್ಸಲ ಮರೆತಿಲ್ಲ ನಾನು. ಕೈ ಸುಟ್ಟ ಮೇಲೂ ಮರೆತಿಲ್ಲ. ಇವತ್ತು ಯಾಕೆ ಮರೆತೆ ಗೊತ್ತಾ? ಆಟ ಅಂತ. ಬರೀ ಆಟ ಅಲ್ವಾ ಅಂದೋರಿಗೆಲ್ಲ ಬೈಕೊಂಡು ತಿರುಗ್ತೀನಲ್ಲ, ಒಳಗೆ ನಾನೂ ಹಾಗೇ ಅಂದ್ಕೊಂಡಿದ್ದೆ!”

ನಾನು ಸಮಾಧಾನ ಹೇಳಲು ಹೋದೆ. “ಸುಮ್ನಿರು,” ಎಂದಳು.

ಭಾನುವಾರ ಬೆಳಿಗ್ಗೆ ಹತ್ತಕ್ಕೆ ಎಂಟೂ ಜನ ಮಾತಿಗೆ ಕೂತೆವು. ಮೇಷ್ಟ್ರು ಬಾಯಿ ತೆರೆಯುವ ಮೊದಲೇ ಅಕ್ಕ ಶುರು ಮಾಡಿದಳು.

“ಮೊದಲು ನನ್ನ ತಪ್ಪು ಹೇಳ್ತೀನಿ. ನಕಲು ಇಟ್ಕೊಳ್ಳದೆ ಕೈ ಹಾಕಿದೆ. ನಿಮ್ಮ ನಾಲ್ಕು ವರ್ಷದ ಊರು ನನ್ನ ಕೈಯಿಂದ ಹೋಯ್ತು. ಯಾರ ಮೇಲೂ ಹಾಕಲ್ಲ, ನಂದೇ. ಕ್ಷಮಿಸಿ ಅಂತ ಕೇಳ್ತಿದ್ದೀನಿ. ಒಂದೊಂದು ಗೋಡೆನೂ ನಾನೇ ಕಟ್ಟಿಕೊಡ್ತೀನಿ, ಮೊದಲು ಕೊಟ್ಟಿಗೆ. ಇದು ಒಂದು. ಎರಡನೇದು, ಲೋಕ ನಿಲ್ಲಿಸ್ತಿದ್ದಿದ್ದು ಮೇಷ್ಟ್ರ ಚಿನ್ನದ ಜೀನು. ಐದು ಸುತ್ತಿನ ಲೆಕ್ಕ ರಿಜಿಸ್ಟರಲ್ಲಿದೆ. ನನ್ನ ತಪ್ಪಿಂದ ಅದು ಸುಳ್ಳಾಗಲ್ಲ.”

ಔಷಧಿಯ ಗೆಳತಿ ಅಳುತ್ತಿದ್ದಳು. “ಹನ್ನೊಂದು ಅಕ್ಕ. ಒಂದೊಂದಕ್ಕೂ ಮರಿ ಇದ್ದಾಗಿಂದ ತಿನ್ನಿಸಿದ್ದೆ,” ಎಂದಳು. ಅಕ್ಕ ಗೊತ್ತು ಎಂದಳು.

ಮೇಷ್ಟ್ರು ಮಧ್ಯೆ ಬಾಯಿ ಹಾಕಿದರು. “ಅದಕ್ಕೇ ನಾನು ಹೇಳಿದ್ದು, ಮಾಡ್‌ಗಳ ಸಹವಾಸ ಬೇಡ ಅಂತ.”

“ಮೇಷ್ಟ್ರೇ, ನಿಮ್ಮ ಕೋಟೆ ಯಾಕೆ ಹೋಯ್ತು?” ಅಕ್ಕ ಕೇಳಿದಳು.

“ಅಂದ್ರೆ?”

“ನನ್ನ ಗೋಡೆ ಮಾಡ್ ತೆಗೆದಿದ್ದಕ್ಕೆ ಹೋಯ್ತು. ಅದರಿಂದಾನೇ ಕಟ್ಟಿದ್ರಿ ನೀವು. ಇಲ್ಲಿ ಎಲ್ಲರ ಮನೆನೂ ಅದರಿಂದಾನೇ ಕಟ್ಟಿದ್ದು. ಸೊಟ್ಟ ಆದ್ರೆ ಎತ್ತಿಡಬಹುದು, ಸುಲಭ ಅಂತ. ನಾನು ನನ್ನ ಕೈಗೆ ಅಂತ ತಂದ ಊರುಗೋಲಿನ ಮೇಲೆ ನಿಮ್ಮ ಊರೇ ನಿಂತಿತ್ತು. ನೀವು ಹಿಡ್ಕೊಂಡಾಗ ಅನುಕೂಲ, ನಾನು ಹಿಡ್ಕೊಂಡಾಗ ಮೋಸ. ಅದು ಹೇಗೆ ಅಂತ ಒಸಿ ಹೇಳಿಕೊಡಿ.”

ಮೇಷ್ಟ್ರು ಉಪಾಯವಾಗಿ ಬೇರೆ ದಾರಿ ಹಿಡಿದರು. “ಆಯ್ತು ಮೇಡಂ. ಕಟ್ಟಿಕೊಡ್ತೀನಿ ಅಂದ್ರಲ್ಲ, ಮಾಡ್ ಇಲ್ಲದೆ ಕಟ್ಟಿ ತೋರಿಸಿ. ನಿಮ್ಮ ಛಲ ನಮಗೂ ಗೊತ್ತು. ಒಂದು ತಿಂಗಳು ಹಾಗೆ ಆಡಿ ತೋರಿಸಿದ್ರೆ ಆಮೇಲೆ ಆ ನಾಲ್ಕರ ಬಗ್ಗೆ ಯೋಚನೆ ಮಾಡೋಣ.”

ನನಗೆ ಅಕ್ಕ ಒಪ್ಪಿಬಿಡುತ್ತಾಳೆ ಎನ್ನಿಸಿತು. ಮೂವರು ಎಂಜಿನಿಯರುಗಳ ಎದುರು ಕೈ ಒರೆಸಿಕೊಂಡವಳು ಅವಳು. ಪಂಥ ಎಂದರೆ ಸಾಕು, ಎದ್ದು ನಿಲ್ಲುತ್ತಾಳೆ. ನಾನು ಅವಳ ಕೋಣೆಯ ಬಾಗಿಲಿಗೆ ಬಂದು ನಿಂತೆ. ಅವಳು ಎಡಗೈಯನ್ನು ಮೇಜಿನ ಮೇಲಿಟ್ಟು ಅದನ್ನೇ ನೋಡುತ್ತಿದ್ದಳು.

“ಮಾಡಿ ತೋರಿಸಬಲ್ಲೆ,” ಎಂದಳು. “ಬಾಯಲ್ಲಿ ಪೆನ್ಸಿಲ್ ಕಚ್ಕೊಂಡಾದ್ರೂ ಮಾಡ್ತೀನಿ. ಮಣಿಕಟ್ಟು ಊದುತ್ತೆ, ಊದಲಿ. ಆದ್ರೆ ತೋರಿಸಲ್ಲ. ಹೊಟ್ಟೆಪಾಡಿಗೆ ಒಂದ್ಸಲ ಪರೀಕ್ಷೆ ಕೊಟ್ಟಾಯ್ತು ನಾನು. ಆಡೋಕೂ ಪರೀಕ್ಷೆ ಕೊಡಬೇಕಾ? ನೀವು ಯಾರಾದ್ರೂ ಕೊಟ್ಟಿದ್ದೀರಾ? ಗೋಡೆ ಕಟ್ಟಿಕೊಡೋದು ನನ್ನ ತಪ್ಪಿಗೆ. ಕೈ ನೋಯಿಸಿಕೊಳ್ಳೋದು ಯಾರ ತಪ್ಪಿಗೆ?”

ಮೇಷ್ಟ್ರು ಮತ ಹಾಕಿಸಿದರು. ಶುದ್ಧ ಆಟ ಬೇಕು ಎಂದವರು ಆರು ಜನ. ಬೇಡ ಎಂದವರು ನಾವಿಬ್ಬರೇ. ಆರನೆಯ ಮತ ಗೆಳತಿಯದ್ದು. “ಕೋಪ ಬಂದಿದೆ ಅಕ್ಕ, ನನಗೆ ಸುಳ್ಳು ಹೇಳೋಕೆ ಬರಲ್ಲ,” ಎಂದಳು. ನನಗೆ ಅವಳ ಮೇಲೆ ಸಿಟ್ಟು ಬಂತು, ಇವತ್ತಿಗೂ ಚೂರು ಉಳಿದಿದೆ. ಅಕ್ಕನಿಗೆ ಬರಲಿಲ್ಲ. “ಹನ್ನೊಂದು ಹೋಗಿದೆ ಅವಳದು. ಬರಬೇಕಾದ್ದೇ ಕೋಪ,” ಎಂದಳು.

ಮೇಷ್ಟ್ರು ಮಾಡ್‌ಗಳನ್ನು ತೆಗೆಯುವ ಮೊದಲು ಅಕ್ಕ ಮೀಟರಿಗೆ ಕೊನೆಯ ಸಲ ತಿನ್ನಿಸಲು ಹೋದಳು. ಇದ್ದ ಹಣ್ಣೆಲ್ಲ ಹಾಕಿದಳು. ಅದು ಎಂದಿನಂತೆ ಗುಟುರು ಹಾಕಿತು. ಅವಳು ಅಳಲಿಲ್ಲ ಎಂದು ಬರೆಯಬಹುದಿತ್ತು, ಅವಳಿಗೂ ಅದೇ ಇಷ್ಟ. ಅತ್ತಳು. ಬಲಗೈಯಲ್ಲಿ ಮೌಸ್ ಇತ್ತು, ಎಡಗೈಯ ಮಡಚದ ಬೆರಳಿನ ಹಿಂಬದಿಯಲ್ಲಿ ಕಣ್ಣೊರೆಸಿಕೊಂಡಳು.

ಮಾರನೆಯ ದಿನ ಕೆಲಸದಿಂದ ಬಂದವಳೇ ನನ್ನನ್ನು ಕರೆದಳು. “ನಿನ್ನ ಹಿಂದಿನ ಕೋಣೆ ಹಳೇ ಕಂಪ್ಯೂಟರ್ ಸುಮ್ನೆ ಬಿದ್ದಿದೆಯಲ್ಲ, ಕೊಡು.” ಅದರಲ್ಲಿ ನನ್ನ ಹಲ್ಲಿನ ಅಳತೆಗಳಿದ್ದವು. ಹಲ್ಲನ್ನು ಬೇರೆ ಕಡೆ ಸಾಗಿಸಿ ಕೊಟ್ಟೆ. ಸಂಜೆ ಏಳರ ಹೊತ್ತಿಗೆ ಅದರಲ್ಲಿ ಒಂದು ಹೊಸ ಲೋಕ ಓಡುತ್ತಿತ್ತು. ನಾಲ್ಕೇ ಮಾಡ್. ಅಕ್ಕ ಮೈಮೇಲೆ ಚಿಂದಿ ಸುತ್ತಿಕೊಂಡು ದಡದಲ್ಲಿ ಕಣ್ಣು ಬಿಟ್ಟಳು. ನಾನು ಪಕ್ಕದಲ್ಲೇ ಕಣ್ಣು ಬಿಟ್ಟೆ. ಹತ್ತು ನಿಮಿಷದಲ್ಲಿ ಇಬ್ಬರನ್ನೂ ಒಂದೇ ಮೃಗ ತಿಂದಿತು. ಅಕ್ಕ ಎದ್ದು ಕೂತು ಬೈದಳು. ಮಲಗುವ ಮುಂಚೆ ಲೋಕದ ನಕಲು ತೆಗೆದು ರಿಜಿಸ್ಟರಿನಲ್ಲಿ ಬರೆದಳು. ಆಮೇಲೆ ಒಂದು ದಿನವೂ ಅದು ತಪ್ಪಿಲ್ಲ.

ಮೂರನೆಯ ವಾರ ಆಸ್ಪತ್ರೆಯ ಔಷಧಿ ಕಿಟಕಿಯಲ್ಲಿ ಗೆಳತಿ ಅಕ್ಕನನ್ನು ತಡೆದಳಂತೆ. “ಕೋಪ ಹೋಗಿಲ್ಲ. ಕೊಟ್ಟಿಗೆ ಕಟ್ಟಿಕೊಡ್ತೀನಿ ಅಂದಿದ್ದೆಯಲ್ಲ, ಅದಕ್ಕೆ ಬರ್ತಿದ್ದೀನಿ,” ಎಂದಳಂತೆ. ಬಂದಳು. ಅಕ್ಕ ತನ್ನ ಗುಡಿಸಲಿಗೆ ಸೂರು ಹಾಕುವ ಮೊದಲು ಅವಳ ಕೊಟ್ಟಿಗೆ ಕಟ್ಟಿದಳು, ಹನ್ನೊಂದು ಮೃಗ ಹಿಡಿಸುವಷ್ಟು ದೊಡ್ಡದು. ಗೆಳತಿಯೇ ಮೇಷ್ಟ್ರ ಲೋಕದ ಸುದ್ದಿ ತಂದದ್ದು. ಮೂವತ್ತೊಂದು ಮಾಡ್ ತೆಗೆದರಂತೆ. ಒಂದನ್ನು ಬಿಟ್ಟರಂತೆ.

“ಚಿನ್ನದ ಜೀನು?” ಎಂದೆ ನಾನು.

“ಅದು ಅಲಂಕಾರ, ಮಾಡ್ ಅಲ್ಲ ಅಂತಾರೆ,” ಎಂದಳು. ಲೋಕ ದಿನಕ್ಕೆ ಮೂರು ಸಲ ನಿಲ್ಲುತ್ತಲೇ ಇತ್ತು. ನಾನು ಅಂದು ಎರಡು ತುತ್ತು ಹೆಚ್ಚಿಗೆ ಉಂಡೆ.

ಜೊತೆಗಾರರು ಒಬ್ಬೊಬ್ಬರಾಗಿ ಆ ಕಡೆ ಆಡುವುದು ಬಿಟ್ಟರು. ಇಬ್ಬರು ನಮ್ಮ ದಡಕ್ಕೆ ಬಂದರು. ಎರಡು ತಿಂಗಳಾದ ಮೇಲೆ ಒಂದು ಸಂಜೆ ಮೇಷ್ಟ್ರೇ ಫೋನ್ ಮಾಡಿದರು. ಅಕ್ಕ ಫೋನನ್ನು ಜೋರು ಮಾಡಿ ಮೇಜಿನ ಮೇಲಿಟ್ಟಳು, ನನಗೂ ಕೇಳಲಿ ಎಂದು.

“ಮೇಡಂ, ನಾನೂ ಅಲ್ಲಿಗೆ ಬರಬಹುದಾ?”

ನಾನು ಬೇಡ, ಬೇಡ ಎಂದು ಎರಡೂ ಕೈ ಆಡಿಸಿದೆ. ಒಬ್ಬನೇ ಕೂತು ಕಹಳೆ ಊದಿಕೊಳ್ಳಲಿ ಎಂದು ಪಿಸುಗುಟ್ಟಿದೆ. ಅಕ್ಕ ನನ್ನ ಕಡೆ ನೋಡಲಿಲ್ಲ. ರಿಜಿಸ್ಟರ್ ತೆಗೆದು, ಹೊಸ ಪುಟದ ಮೇಲೆ ‘ಡ್ರಿಲ್ ಮೇಷ್ಟ್ರು’ ಎಂದು ಬರೆದಳು.

“ಇಲ್ಲಿ ಏನೇ ಸೇರಿಸಿಕೊಳ್ಳೋ ಮೊದಲು ನಾನು ಮೂರು ಪ್ರಶ್ನೆ ಕೇಳ್ತೀನಿ,” ಎಂದಳು. “ನೀವು ಬಂದ್ರೆ ಯಾರ ಕೈ ಕೆಲಸ ಉಳಿಯುತ್ತೆ?”

“ಕಲ್ಲು ಹೊರ್ತೀನಿ,” ಎಂದರು ಮೇಷ್ಟ್ರು.

“ಚಿನ್ನದ ಜೀನು?”

“ತರಲ್ಲ.”

“ಕೈ ಆಗದವರು ಕೂತು ನೋಡಬಹುದು ಅಂದಿದ್ರಿ. ಆ ಮಾತು ವಾಪಸ್ ತಗೋತೀರಾ?”

“ತಗೋತೀನಿ ಮೇಡಂ,” ಎಂದರು. “ಹಾಗೆ ಅನ್ನಬಾರದಿತ್ತು.”

“ಸರಿ. ಏಳು ದಿನ ನೋಡ್ತೀನಿ. ದಿನಾ ಬರೀತೀನಿ. ಆಮೇಲೆ ಹೇಳ್ತೀನಿ.”

ಫೋನ್ ಇಟ್ಟ ಮೇಲೆ ನಾನು ರೇಗಿದೆ. ಅಷ್ಟು ಸುಲಭವಾಗಿ ಬಿಟ್ಟುಬಿಟ್ಟೆಯಲ್ಲ ಎಂದೆ. ಅಕ್ಕ ಕಂಪ್ಯೂಟರ್ ಕಡೆ ತಿರುಗಿದಳು. ಮೇಷ್ಟ್ರನ್ನು ಒಳಗೆ ಬಿಡುವ ಮೊದಲು ಇಡೀ ಲೋಕದ ಒಂದು ನಕಲು ತೆಗೆದಿಟ್ಟಳು.